ಉಂಗುರ: ಯಾವ ಬೆರಳಿಗೆ, ಯಾವ ಲೋಹದ್ದು, ಯಾಕೆ?

2025ರಲ್ಲಿ 10 ಗ್ರಾಂ ಚಿನ್ನ 1 ಲಕ್ಷ ರೂಪಾಯಿ ದಾಟಿದ ಮೇಲೆ ಮದುವೆ ಮನೆಗಳಲ್ಲಿ ಉಂಗುರದ ಲೆಕ್ಕಾಚಾರ ಜೋರಾಗಿದೆ. ನಿಶ್ಚಿತಾರ್ಥಕ್ಕೆ ಎರಡು ಉಂಗುರ ಬೇಕೇ ಬೇಕಾ? ಅಳಿಯನಿಗೆ ಕೊಡೋದು ಶಾಸ್ತ್ರವಾ, ರೂಢಿಯಾ? ಚಿನ್ನದ ಬದಲು ಬೆಳ್ಳಿ ಹಾಕಿದರೆ ನಡೆಯುತ್ತದಾ? ಜೋಯಿಸರು ಹೇಳಿದ ಹರಳು ಅಷ್ಟು ದುಡ್ಡು ಕೊಟ್ಟು ತರಬೇಕಾ? ಕೇಳುವವರು ತುಂಬ ಜನ, ಉತ್ತರ ಮಾತ್ರ ಒಬ್ಬೊಬ್ಬರದು ಒಂದೊಂದು.

ಇದಕ್ಕೆ ಕಾರಣ ಇದೆ. ನಾವು ಒಂದೇ ಪದ್ಧತಿ ಅಂದುಕೊಂಡಿರುವ ಉಂಗುರದ ಹಿಂದೆ ನಾಲ್ಕೈದು ಪದ್ಧತಿಗಳಿವೆ. ಅವು ಬೇರೆ ಬೇರೆ ಕಾಲದಲ್ಲಿ, ಬೇರೆ ಬೇರೆ ಊರುಗಳಲ್ಲಿ ಹುಟ್ಟಿ ಕೊನೆಗೆ ಒಂದೇ ಬೆರಳಿಗೆ ಬಂದು ಸೇರಿವೆ. ನಿಮ್ಮ ಕೈಯಲ್ಲಿರೋದು ಯಾವುದು ಅಂತ ಗೊತ್ತಾದರೆ ಲೋಹ, ತೂಕ, ಬೆರಳು ಇವುಗಳಲ್ಲಿ ಯಾವುದು ಮುಖ್ಯ, ಯಾವುದು ಅಲ್ಲ ಅನ್ನೋದೂ ಗೊತ್ತಾಗುತ್ತದೆ.

ಮೊದಲು ಅದು ಗುರುತಾಗಿತ್ತು

ಹನುಮಂತ ಲಂಕೆಗೆ ಹೋದಾಗ ಸೀತೆ ಅವನನ್ನು ಯಾಕೆ ನಂಬಿದಳು? ರಾಮನ ಉಂಗುರ ತೋರಿಸಿದ ಅಂತ. ದುಷ್ಯಂತ ಕೊಟ್ಟ ಉಂಗುರ ನೀರಿಗೆ ಬಿದ್ದು ಮೀನಿನ ಹೊಟ್ಟೆ ಸೇರಿದ ಮೇಲೆ ಶಕುಂತಲೆ ಎಷ್ಟು ಹೇಳಿದರೂ ರಾಜ ಕೇಳಲಿಲ್ಲ. ಎರಡೂ ಕಥೆಗಳಲ್ಲಿ ಉಂಗುರ ಬರೀ ಒಡವೆ ಅಲ್ಲ, ಸಾಕ್ಷಿ.

ಹಳೆಯ ಕಾಲದ ದೊಡ್ಡವರ ಉಂಗುರದಲ್ಲಿ ಹೆಸರೋ ಚಿಹ್ನೆಯೋ ಕೆತ್ತಿರುತ್ತಿತ್ತು. ಓಲೆ ಅಥವಾ ಪತ್ರದ ಮೇಲೆ ಅರಗು ಇಲ್ಲವೇ ಜೇಡಿಮಣ್ಣು ಇಟ್ಟು ಉಂಗುರ ಒತ್ತಿದರೆ ಆ ಗುರುತು ಮೂಡುತ್ತಿತ್ತು. ಇವತ್ತು ಬ್ಯಾಂಕಿನವರು ಓಟಿಪಿ ಕೇಳ್ತಾರಲ್ಲ, ಆ ಕೆಲಸವನ್ನು ಆಗ ಮುದ್ರೆಯುಂಗುರ ಮಾಡುತ್ತಿತ್ತು. ಅದಕ್ಕೇ ಅದನ್ನು ಪೆಟ್ಟಿಗೆಯಲ್ಲಿ ಇಡದೆ ಸದಾ ಮೈಮೇಲೆ ಇಟ್ಟುಕೊಳ್ಳುತ್ತಿದ್ದರು.

ಪ್ರವಾದಿ ಮುಹಮ್ಮದರ ಬೆಳ್ಳಿಯುಂಗುರವೂ ಇಂಥದ್ದೇ. ಮುದ್ರೆ ಇಲ್ಲದ ಪತ್ರಗಳನ್ನು ಹೊರನಾಡಿನ ರಾಜರು ಒಪ್ಪುವುದಿಲ್ಲ ಎಂದು ತಿಳಿದಾಗ ಅದನ್ನು ಮಾಡಿಸಿದರು ಎಂದು ಅವರ ನಡೆನುಡಿಯ ದಾಖಲೆಗಳಾದ ಹದೀಸ್‌ಗಳು ಹೇಳುತ್ತವೆ. ಮುಸ್ಲಿಂ ಗಂಡಸರು ಚಿನ್ನ ಬಿಟ್ಟು ಬೆಳ್ಳಿಯುಂಗುರ ಹಾಕುವುದನ್ನು ನೀವು ನೋಡಿರಬಹುದು. ಗಂಡಸರಿಗೆ ಚಿನ್ನ ನಿಷಿದ್ಧ, ಬೆಳ್ಳಿಗೆ ಒಪ್ಪಿಗೆ ಇದೆ. ರೋಮಿನ ಪೋಪ್ ಅವರಿಗೂ ಅಧಿಕಾರದ ಉಂಗುರವೊಂದಿದೆ. ಅವರು ತೀರಿಕೊಂಡಾಗ ಅದನ್ನು ಒಡೆಯುವ ಅಥವಾ ಗೀರಿ ಕೆಡಿಸುವ ಪದ್ಧತಿ ಇದೆ. ಅವರ ಹೆಸರಲ್ಲಿ ಬೇರೆ ಯಾರೂ ಮುದ್ರೆ ಒತ್ತಬಾರದು ಅನ್ನೋದು ಅದರ ಮೂಲ ಉದ್ದೇಶ.

ನಿಶ್ಚಿತಾರ್ಥಕ್ಕೆ ಉಂಗುರ ಬಂದದ್ದು ಹೇಗೆ?

ನಮ್ಮ ಕಡೆ ಮದುವೆ ಗಟ್ಟಿ ಮಾಡುವುದು ಅಂದರೆ ತಾಂಬೂಲ ಬದಲಾಯಿಸುವುದು. ಎರಡು ಕಡೆಯ ಹಿರಿಯರು ಎದುರುಬದುರು ಕೂತು, ಎಲೆ, ಅಡಿಕೆ, ತೆಂಗಿನಕಾಯಿ ಇಟ್ಟ ತಟ್ಟೆಗಳನ್ನು ಕೊಟ್ಟು ತೆಗೆದುಕೊಂಡರೆ ಮಾತು ಮುಗಿಯಿತು. ಕೆಲವರು ಲಗ್ನಪತ್ರಿಕೆಯನ್ನೂ ಅಲ್ಲೇ ಓದಿಸುತ್ತಾರೆ. ಹುಡುಗ ಹುಡುಗಿ ವೇದಿಕೆ ಮೇಲೆ ನಿಂತು ಒಬ್ಬರಿಗೊಬ್ಬರು ಉಂಗುರ ತೊಡಿಸುವುದು ಇದಕ್ಕೆ ಆಮೇಲೆ ಸೇರಿಕೊಂಡ ಭಾಗ. ಚೆನ್ನಾಗಿ ಕಾಣುತ್ತದೆ, ಫೋಟೋ ಚೆನ್ನಾಗಿ ಬರುತ್ತದೆ, ಇಬ್ಬರಿಗೂ ಮೊದಲ ಸಲ ಕೈ ಹಿಡಿಯುವ ಖುಷಿ. ಬೇಡ ಅನ್ನೋಕೆ ಏನೂ ಇಲ್ಲ. ಆದರೆ ಚಿನ್ನಕ್ಕೆ ಸಾಲ ಮಾಡುವ ಸ್ಥಿತಿ ಇದ್ದರೆ, ತಾಂಬೂಲ ಒಂದರಿಂದಲೇ ನಿಶ್ಚಿತಾರ್ಥ ಪೂರ್ತಿಯಾಗುತ್ತದೆ ಅನ್ನೋದನ್ನು ಮನೆಯವರು ತಿಳಿದಿರಲಿ.

ಉಂಗುರ ಕೊಟ್ಟು ಮಾತು ಗಟ್ಟಿ ಮಾಡುವ ಪದ್ಧತಿ ರೋಮನ್ನರದು. ಮದುವೆ ಗೊತ್ತಾದ ಹುಡುಗಿಗೆ ಹರಳಿಲ್ಲದ ಕಬ್ಬಿಣದ ಉಂಗುರ ಕಳಿಸುತ್ತಾರೆ ಎಂದು 1ನೇ ಶತಮಾನದಲ್ಲಿದ್ದ ರೋಮನ್ ಲೇಖಕ ಪ್ಲಿನಿ ಬರೆದಿದ್ದಾನೆ. ಕಬ್ಬಿಣದ್ದು! ಮುಂದೆ ಕ್ರೈಸ್ತರು ಇದನ್ನು ಮದುವೆಯ ವಿಧಿಯೊಳಗೇ ತಂದುಕೊಂಡರು. ಮಂಗಳೂರು ಕಡೆಯ ಕ್ಯಾಥೊಲಿಕರ ಮದುವೆಯಲ್ಲಿ ಪಾದ್ರಿಗಳು ಉಂಗುರಗಳನ್ನು ಆಶೀರ್ವದಿಸಿ ಕೊಟ್ಟ ಮೇಲೆಯೇ ವಧೂವರರು ತೊಡಿಸಿಕೊಳ್ಳುವುದು. ಅವರಿಗೆ ಅದು ಮದುವೆಯ ಒಂದು ವಿಧಿಯೇ ಹೊರತು ಅಲಂಕಾರ ಅಲ್ಲ.

ವಜ್ರದ ಕಥೆ ಬೇರೆ. ಸುಮಾರು 1720ರ ದಶಕದಲ್ಲಿ ಬ್ರೆಜಿಲಿನಲ್ಲಿ ವಜ್ರ ಸಿಗುವ ತನಕ ಜಗತ್ತಿಗೆ ವಜ್ರ ಹೋಗುತ್ತಿದ್ದದ್ದು ಹೆಚ್ಚಾಗಿ ನಮ್ಮ ಗೋಲ್ಕೊಂಡ ಸೀಮೆಯಿಂದ. ಆಗ ಅದು ರಾಜಮನೆತನಗಳ ವಸ್ತು. 1860ರ ದಶಕದ ಕೊನೆಯಿಂದ ದಕ್ಷಿಣ ಆಫ್ರಿಕಾದಲ್ಲಿ ರಾಶಿ ರಾಶಿ ಸಿಗತೊಡಗಿತು. ಇಷ್ಟು ವಜ್ರವನ್ನು ಮಾರುವುದು ಹೇಗೆ? ವಜ್ರದ ಗಣಿ, ವ್ಯಾಪಾರ ಹಿಡಿದಿದ್ದ ಡಿ ಬಿಯರ್ಸ್ ಕಂಪನಿ ಅಮೆರಿಕದ ಜಾಹೀರಾತು ಸಂಸ್ಥೆಯೊಂದನ್ನು ಹಿಡಿಯಿತು. ವಜ್ರ ಶಾಶ್ವತ ಅನ್ನುವ ಅದರ ಪ್ರಸಿದ್ಧ ಸಾಲು ಬಂದದ್ದು 1947ರಲ್ಲಿ. ವಜ್ರದುಂಗುರ ಇಲ್ಲದೆ ನಿಶ್ಚಿತಾರ್ಥವೇ ಇಲ್ಲ ಅನ್ನುವ ಭಾವನೆ ಅಮೆರಿಕದಲ್ಲಿ ಬಲವಾಗಿ ಬೇರೂರಿದ್ದು ಈ ಪ್ರಚಾರದಿಂದ. ಅಲ್ಲಿಂದ ಅದು ಬೆಂಗಳೂರಿನ ಒಡವೆ ಅಂಗಡಿಗಳವರೆಗೂ ಬಂದಿದೆ. ಈಗ ಲ್ಯಾಬಿನಲ್ಲಿ ಬೆಳೆಸಿದ ವಜ್ರವೂ ಸಿಗುತ್ತದೆ. ಅದೂ ಅದೇ ಇಂಗಾಲ, ಅದೇ ಗಟ್ಟಿತನ, ಬೆಲೆ ಮಾತ್ರ ತುಂಬ ಕಡಿಮೆ. ಮರಳಿ ಮಾರಲು ಹೋದರೆ ಸಿಗುವುದೂ ಕಡಿಮೆ.

ಮದುವೆಗೆ ಸಂಬಂಧವೇ ಇಲ್ಲದ ಪ್ರತಿಜ್ಞೆಯ ಉಂಗುರವೂ ಒಂದಿದೆ. ಕೆನಡಾದಲ್ಲಿ ಎಂಜಿನಿಯರಿಂಗ್ ಓದಿದವರಿಗೆ, ತಮ್ಮ ಕೆಲಸದ ಹೊಣೆ ನೆನಪಿಟ್ಟುಕೊಳ್ಳುತ್ತೇವೆ ಎಂದು ಪ್ರತಿಜ್ಞೆ ಮಾಡಿಸಿ, ಬರೆಯುವ ಕೈಯ ಕಿರುಬೆರಳಿಗೆ ಒಂದು ಕಬ್ಬಿಣದ ಉಂಗುರ ತೊಡಿಸುತ್ತಾರೆ. ಇದು ಶುರುವಾದದ್ದು 1925ರಲ್ಲಿ. ಈಗ ಸ್ಟೇನ್‌ಲೆಸ್ ಸ್ಟೀಲಿನದೂ ಇದೆ. ಕುಸಿದುಬಿದ್ದ ಕ್ವಿಬೆಕ್ ಸೇತುವೆಯ ಕಬ್ಬಿಣದಿಂದ ಮಾಡಿದ್ದು ಅಂತ ಹೇಳುವವರಿದ್ದಾರೆ, ಅದು ನಿಜವಲ್ಲ. ಅಲ್ಲಿ ಓದಿ ಬಂದ ನಮ್ಮವರ ಬೆರಳಲ್ಲಿ ಸಾದಾ ಉಂಗುರ ಕಂಡರೆ ಇನ್ನು ಮೇಲೆ ಒಮ್ಮೆ ಕೇಳಿ ನೋಡಿ.

ಅಳಿಯನಿಗೆ ಕೊಡುವ ಉಂಗುರ

ಚೈನು, ವಾಚು, ಉಂಗುರ. ಈ ಮೂರನ್ನೂ ಒಂದೇ ಉಸಿರಲ್ಲಿ ಹೇಳುವುದು ನಮ್ಮಲ್ಲಿ ರೂಢಿ. ವರನನ್ನು ಬರಮಾಡಿಕೊಳ್ಳುವಾಗ ಹೆಣ್ಣಿನ ಕಡೆಯವರು ಪ್ರೀತಿಯಿಂದ ಏನಾದರೂ ಕೊಡುವುದು ಹಳೆಯ ಪದ್ಧತಿಯೇ. ಆದರೆ ಗಂಡಿನ ಕಡೆಯವರು ಇಷ್ಟು ಗ್ರಾಂ ಬೇಕು ಅಂತ ಬಾಯಿಬಿಟ್ಟು ಕೇಳಿದರೆ, ಅಥವಾ ಮಧ್ಯದವರ ಬಾಯಲ್ಲಿ ಹೇಳಿಸಿದರೆ, ಅದು 1961ರ ವರದಕ್ಷಿಣೆ ನಿಷೇಧ ಕಾಯ್ದೆಯಡಿ ಅಪರಾಧ. ಕೇಳದೆ ಕೊಟ್ಟದ್ದು ಉಡುಗೊರೆ. ಉಡುಗೊರೆಗಳ ಪಟ್ಟಿಯನ್ನು ವಧು ಒಂದು, ವರ ಒಂದು ಬರೆದಿಟ್ಟುಕೊಳ್ಳಬೇಕು ಎಂದು 1985ರ ನಿಯಮಗಳು ಹೇಳುತ್ತವೆ. ಬಹಳ ಜನಕ್ಕೆ ಇದು ಗೊತ್ತೇ ಇಲ್ಲ. ಮದುವೆ ಗಡಿಬಿಡಿಯಲ್ಲೂ ಒಂದೊಂದು ಹಾಳೆ ಬರೆದು ಇಬ್ಬರೂ ಸಹಿ ಹಾಕಿಟ್ಟರೆ ಮುಂದೆ ಯಾರಿಗೂ ತೊಂದರೆ ಇರುವುದಿಲ್ಲ.

ಉಂಗುರಬೆರಳಿಗೇ ಯಾಕೆ?

ಎಡಗೈಯ ಆ ಬೆರಳಿನಿಂದ ಹೃದಯಕ್ಕೆ ನೇರ ನರ ಹೋಗುತ್ತದೆ ಅಂತ ವಾಟ್ಸಾಪಲ್ಲಿ ಓದಿರುತ್ತೀರಿ. ಈ ಮಾತು 2ನೇ ಶತಮಾನದ ರೋಮನ್ ಬರಹಗಳಲ್ಲೇ ಇದೆ, ಅವರು ಅದನ್ನು ಈಜಿಪ್ಟಿನವರಿಂದ ಕೇಳಿದ್ದು ಅಂತ ಬರೆದಿದ್ದಾರೆ. ಅಂಥ ವಿಶೇಷ ನರ ಯಾವುದೂ ಇಲ್ಲ. ಐದು ಬೆರಳಿಗೂ ರಕ್ತ ಓಡಾಡುವ ದಾರಿ ಹೆಚ್ಚುಕಡಿಮೆ ಒಂದೇ.

ಆದರೆ ಆ ಬೆರಳು ಅನುಕೂಲದ ಬೆರಳು ಅನ್ನೋದು ನಿಜ. ಅಂಗೈಯನ್ನು ಮೇಜಿನ ಮೇಲೆ ಇಟ್ಟು ನಡುಬೆರಳನ್ನು ಮಾತ್ರ ಒಳಗೆ ಮಡಚಿ. ಈಗ ಬೇರೆ ಬೆರಳುಗಳನ್ನು ಒಂದೊಂದಾಗಿ ಮೇಲೆತ್ತಿ. ಹೆಬ್ಬೆರಳು, ತೋರುಬೆರಳು, ಕಿರುಬೆರಳು ಏಳುತ್ತವೆ. ಉಂಗುರಬೆರಳು ಅಲ್ಲಾಡುವುದೇ ಕಷ್ಟ. ಅಂಗೈಯ ಹಿಂಬದಿಯಲ್ಲಿ ಬೆರಳೆತ್ತುವ ಸ್ನಾಯುರಜ್ಜುಗಳು ಒಂದಕ್ಕೊಂದು ಅಂಟಿಕೊಂಡಿವೆ, ನಡುಬೆರಳು ಮಡಚಿದಾಗ ಪಕ್ಕದ್ದನ್ನೂ ಹಿಡಿದು ಎಳೆಯುತ್ತದೆ. ಹೀಗೆ ಸ್ವಂತವಾಗಿ ಕಡಿಮೆ ಓಡಾಡುವ ಬೆರಳಿನಲ್ಲಿ ಉಂಗುರ ಜಾಸ್ತಿ ಸವೆಯುವುದಿಲ್ಲ, ತಗಲುವುದೂ ಕಡಿಮೆ.

ಯಾವ ಕೈ ಅನ್ನೋದಕ್ಕೂ ಲೋಕಕ್ಕೆಲ್ಲ ಒಂದೇ ನಿಯಮ ಇಲ್ಲ. ಬ್ರಿಟನ್, ಅಮೆರಿಕದಲ್ಲಿ ಮದುವೆಯುಂಗುರ ಎಡಗೈಗೆ. ಜರ್ಮನಿ, ಪೋಲೆಂಡ್, ರಷ್ಯಾ, ಗ್ರೀಸ್‌ನಲ್ಲಿ ಬಲಗೈಗೆ. ಯಹೂದಿ ಮದುವೆಯಲ್ಲಿ ವಧುವಿನ ಬಲಗೈ ತೋರುಬೆರಳಿಗೆ ತೊಡಿಸುತ್ತಾರೆ, ಅದರಲ್ಲಿ ಹರಳು ಇರುವಂತಿಲ್ಲ. ಹಾಗಾಗಿ ಫೋಟೋದಲ್ಲಿ ಸೊಸೆ ಬಲಗೈಗೆ ಹಾಕಿಕೊಂಡಿದ್ದಾಳೆ ಅಂತ ಯಾರೂ ತಲೆ ಕೆಡಿಸಿಕೊಳ್ಳಬೇಕಿಲ್ಲ.

ಹುಲ್ಲಿನ ಉಂಗುರ

ನಮ್ಮ ವೈದಿಕ ಕರ್ಮಗಳಲ್ಲಿ ಕಡ್ಡಾಯವಾದ ಉಂಗುರ ಚಿನ್ನದ್ದಲ್ಲ, ದರ್ಭೆಯದು. ಅದೇ ಪವಿತ್ರ. ಒಣಗಿದ ದರ್ಭೆಯ ಎಸಳುಗಳನ್ನು ಹೊಸೆದು, ಬೆರಳು ತೂರುವಷ್ಟು ಕುಣಿಕೆ ಬಿಟ್ಟು, ಮೇಲೆ ಗಂಟು ಹಾಕಿ, ತುದಿ ಒಂದಿಷ್ಟು ಮುಂದಕ್ಕೆ ಚಾಚುವಂತೆ ಬಿಡುತ್ತಾರೆ. ಬಲಗೈ ಉಂಗುರಬೆರಳಿಗೆ ಹಾಕಿಕೊಂಡೇ ಸಂಕಲ್ಪ. ಶುಭಕಾರ್ಯಕ್ಕೆ ಎರಡು ಎಸಳು, ಪಿತೃಕಾರ್ಯಕ್ಕೆ ಮೂರು, ಪ್ರೇತಕಾರ್ಯಕ್ಕೆ ಒಂದು ಅನ್ನುವುದು ಸಾಮಾನ್ಯ ಪಾಠ. ಕೆಲಸ ಮುಗಿದ ಮೇಲೆ ಗಂಟು ಬಿಚ್ಚಿಯೇ ಬಿಸಾಡಬೇಕು, ಹಾಗೇ ಎಸೆಯುವಂತಿಲ್ಲ.

ಪದೇ ಪದೇ ಕರ್ಮ ಮಾಡಿಸುವವರು ಇದೇ ಆಕಾರದ ಚಿನ್ನದ ಪವಿತ್ರದುಂಗುರ ಮಾಡಿಸಿಕೊಳ್ಳುತ್ತಾರೆ. ಕೇರಳದ ಪಯ್ಯನ್ನೂರಿನ ಪವಿತ್ರದುಂಗುರ ಇದಕ್ಕೆ ಹೆಸರುವಾಸಿ, ಆ ಊರಿನದೇ ವಿಶೇಷ ಎಂದು ಗುರುತಿಸುವ ಜಿಐ ಮಾನ್ಯತೆಯೂ ಅದಕ್ಕಿದೆ. ಮನೆಯಲ್ಲಿ ಚಿನ್ನದ ಪವಿತ್ರ ಇಲ್ಲ ಅಂತ ಶ್ರಾದ್ಧದ ಹೊತ್ತಿಗೆ ಸಂಕೋಚಪಡುವವರನ್ನು ನೋಡಿದ್ದೇನೆ. ಸುಮ್ನೆ ಸಂಕೋಚ. ಮೂಲ ಹುಲ್ಲೇ.

ಮನೆಯ ಶಾಸ್ತ್ರಗಳಲ್ಲಿ ಉಂಗುರದ ಓಡಾಟ ಇನ್ನೂ ಇದೆ. ನಾಮಕರಣದ ದಿನ ತಟ್ಟೆಯಲ್ಲಿ ಅಕ್ಕಿ ಹರಡಿ ಚಿನ್ನದ ಉಂಗುರದಿಂದ ಮಗುವಿನ ಹೆಸರು ಬರೆಯುತ್ತಾರೆ. ಮದುವೆಯಾದ ಮೇಲೆ ಬಿಂದಿಗೆಯ ನೀರಿನಲ್ಲಿ ಉಂಗುರ ಹಾಕಿ ಗಂಡು ಹೆಣ್ಣು ಹುಡುಕುವ ಆಟ ಇರುತ್ತದೆ. ಯಾರಿಗೆ ಸಿಕ್ಕಿತೋ ಅವರದೇ ಮನೆಯಲ್ಲಿ ಮೇಲುಗೈ ಅಂತ ನಗಿಸುವುದೂ ಇದೆ. ಉಂಗುರವನ್ನು ಜೇನಿನಲ್ಲಿ ಅದ್ದಿ ಹಸುಗೂಸಿನ ನಾಲಿಗೆಗೆ ಮುಟ್ಟಿಸುವ ರೂಢಿಯನ್ನು ಮಾತ್ರ ದಯವಿಟ್ಟು ಬಿಡಿ. ಒಂದು ವರ್ಷದೊಳಗಿನ ಮಗುವಿಗೆ ಜೇನು ಕೊಡಬಾರದು. ಬೊಟುಲಿಸಂ ಅನ್ನುವ ಅಪಾಯದ ಕಾಯಿಲೆ ಬರುವ ಸಾಧ್ಯತೆ ಇದೆ ಅಂತ ಮಕ್ಕಳ ವೈದ್ಯರು ಹೇಳುತ್ತಾರೆ.

ಕಾಲುಂಗುರ ಬೆಳ್ಳಿಯದೇ ಯಾಕೆ?

ಹೆಬ್ಬೆರಳ ಪಕ್ಕದ ಬೆರಳಿಗೆ, ಎರಡು ಕಾಲಿಗೂ, ಮದುವೆಯಲ್ಲಿ ತೊಡಿಸುವ ಕಾಲುಂಗುರ ನಮ್ಮಲ್ಲಿ ಮುತ್ತೈದೆಯ ಗುರುತು. ಚಿನ್ನ ಲಕ್ಷ್ಮಿಯ ಸ್ವರೂಪ, ಅದನ್ನು ಸೊಂಟದ ಕೆಳಗೆ ಹಾಕಬಾರದು ಅನ್ನುವ ನಂಬಿಕೆಯಿಂದ ಬೆಳ್ಳಿ. ನೆಲಕ್ಕೆ ಉಜ್ಜಿ ಬೇಗ ಸವೆಯುವ ಜಾಗಕ್ಕೆ ಅಗ್ಗದ ಲೋಹವೇ ವಾಸಿ ಅನ್ನುವ ಲೆಕ್ಕವೂ ಸರಿಹೊಂದುತ್ತದೆ. ಬೆಳ್ಳಿ ಕಪ್ಪಾಗುವುದು ಗಾಳಿ ಮತ್ತು ಬೆವರಿನಲ್ಲಿರುವ ಗಂಧಕದ ಅಂಶದಿಂದ. ದೃಷ್ಟಿಯಿಂದಲ್ಲ, ಕಾಯಿಲೆಯಿಂದಲೂ ಅಲ್ಲ. ಆ ಬೆರಳಿನ ನರ ಗರ್ಭಕೋಶಕ್ಕೆ ಹೋಗುತ್ತದೆ ಅನ್ನುವ ಮಾತಿಗೂ ಶರೀರಶಾಸ್ತ್ರದಲ್ಲಿ ಆಧಾರ ಇಲ್ಲ.

ಗಂಡ ತೀರಿಹೋದಾಗ ಕಾಲುಂಗುರ ತೆಗೆಸುವ ಪದ್ಧತಿ ಹಲವು ಕಡೆ ಇದೆ. ಎಷ್ಟೋ ಹೆಣ್ಣುಮಕ್ಕಳು ಈಗ ಒಪ್ಪುವುದಿಲ್ಲ, ಮನೆಯವರೂ ಒತ್ತಾಯ ಮಾಡುವುದಿಲ್ಲ. ನಮ್ಮ ಗಡಿಯ ಆಚೆಗಿನ ಕೊಲ್ಹಾಪುರ ಜಿಲ್ಲೆಯ ಹೇರ್ವಾಡ ಗ್ರಾಮ 2022ರಲ್ಲಿ ವಿಧವೆಯರಿಗೆ ಮಾಡಿಸುವ ಇಂಥ ಪದ್ಧತಿಗಳನ್ನು ನಿಲ್ಲಿಸಲು ಗ್ರಾಮಸಭೆಯಲ್ಲೇ ಠರಾವು ಮಾಡಿತು. ಕಾಲುಂಗುರ ಇರಬೇಕೋ ಬೇಡವೋ ಅನ್ನೋದು ಹಾಕಿಕೊಂಡವಳ ಮಾತು.

ಹರಳಿನ ಉಂಗುರ

ಜಾಸ್ತಿ ದುಡ್ಡು ಹೋಗುವುದೂ, ಜಾಸ್ತಿ ಮೋಸ ಆಗುವುದೂ ಇಲ್ಲೇ. ಜ್ಯೋತಿಷ್ಯದ ಪ್ರಕಾರ ಒಂಬತ್ತು ಗ್ರಹಕ್ಕೆ ಒಂಬತ್ತು ರತ್ನ. ರವಿಗೆ ಮಾಣಿಕ್ಯ, ಚಂದ್ರನಿಗೆ ಮುತ್ತು, ಕುಜನಿಗೆ ಹವಳ, ಬುಧನಿಗೆ ಪಚ್ಚೆ, ಗುರುವಿಗೆ ಪುಷ್ಯರಾಗ, ಶುಕ್ರನಿಗೆ ವಜ್ರ, ಶನಿಗೆ ನೀಲ, ರಾಹುವಿಗೆ ಗೋಮೇಧಿಕ, ಕೇತುವಿಗೆ ವೈಡೂರ್ಯ. ನವರತ್ನದ ಉಂಗುರದಲ್ಲಿ ಮಾಣಿಕ್ಯ ನಡುವೆ, ಉಳಿದವು ಸುತ್ತ. ಬೆರಳುಗಳಿಗೂ ಹಂಚಿಕೆ ಇದೆ: ಸಾಮಾನ್ಯವಾಗಿ ಪುಷ್ಯರಾಗ ತೋರುಬೆರಳಿಗೆ, ನೀಲ ನಡುಬೆರಳಿಗೆ, ಮಾಣಿಕ್ಯ ಉಂಗುರಬೆರಳಿಗೆ, ಪಚ್ಚೆ ಕಿರುಬೆರಳಿಗೆ. ಹರಳು ಚರ್ಮಕ್ಕೆ ತಾಗಬೇಕು ಅಂತ ಕೆಳಗೆ ತೆರೆದೇ ಕೂರಿಸುತ್ತಾರೆ. ಇದೆಲ್ಲ ನಂಬಿಕೆಯ ವಿಚಾರ. ಹರಳಿನಿಂದ ಕೆಲಸ ಸಿಗುತ್ತದೆ, ಕಾಯಿಲೆ ವಾಸಿಯಾಗುತ್ತದೆ ಅನ್ನೋದಕ್ಕೆ ವೈಜ್ಞಾನಿಕ ಪುರಾವೆ ಇಲ್ಲ. ಮನಸ್ಸಿಗೆ ಧೈರ್ಯ ಬರುತ್ತದೆ ಅಂತ ಹಾಕಿಕೊಳ್ಳುವವರಿಗೆ ನನ್ನ ತಕರಾರಿಲ್ಲ, ಆದರೆ ಔಷಧಿ ಬಿಟ್ಟು ಹರಳು ಹಿಡಿಯಬೇಡಿ.

ಹರಳು ಏನು ಅಂತ ಗೊತ್ತಿದ್ದರೆ ಕೊಳ್ಳುವಾಗ ಅನುಕೂಲ. ಕೆಂಪು ಮಾಣಿಕ್ಯ ಮತ್ತು ನೀಲ ನಿಜಕ್ಕೂ ಒಂದೇ ಖನಿಜ, ಕುರುಂದ. ಕ್ರೋಮಿಯಂ ಸ್ವಲ್ಪ ಸೇರಿದರೆ ಕೆಂಪು, ಕಬ್ಬಿಣ ಮತ್ತು ಟೈಟಾನಿಯಂ ಸೇರಿದರೆ ನೀಲಿ. ಇದನ್ನು ಕುಲುಮೆಯಲ್ಲಿ ಮಾಡುವ ವಿಧಾನವನ್ನು ಫ್ರಾನ್ಸಿನ ರಸಾಯನ ವಿಜ್ಞಾನಿ ವರ್ನೆಯ್ 1902ರಲ್ಲಿ ಪ್ರಕಟಿಸಿದ. ಹಾಗಾಗಿ ಅಜ್ಜಿಯ ಕಾಲದ ಕೆಂಪು ಕಲ್ಲಿನ ಉಂಗುರದಲ್ಲಿರುವುದು ಗಣಿಯದೇ ಆಗಿರಬೇಕು ಅಂತಿಲ್ಲ. ಅದರಿಂದ ಅಜ್ಜಿಯ ಉಂಗುರದ ಬೆಲೆ ಮನೆಯವರಿಗೆ ಕಡಿಮೆ ಆಗುವುದಿಲ್ಲ ಬಿಡಿ. ಈಗ ಬರುವ ಅಗ್ಗದ ಮಾಣಿಕ್ಯಗಳಲ್ಲಿ ಬಿರುಕಿನೊಳಗೆ ಗಾಜು ತುಂಬಿದವೂ ಇರುತ್ತವೆ. ದೊಡ್ಡ ಮೊತ್ತ ಕೊಡುವುದಾದರೆ ರತ್ನ ಪರೀಕ್ಷೆಯ ಲ್ಯಾಬಿನ ಸರ್ಟಿಫಿಕೇಟ್ ಕೇಳಿ ಪಡೆಯಿರಿ.

ಮುತ್ತು, ಹವಳ ಕಲ್ಲುಗಳೇ ಅಲ್ಲ, ನೀರಿನ ಜೀವಿಗಳು ಕಟ್ಟಿದವು. ಎರಡರಲ್ಲೂ ಮುಖ್ಯವಾಗಿ ಇರುವುದು ಕ್ಯಾಲ್ಸಿಯಂ ಕಾರ್ಬೊನೇಟ್. ನಿಂಬೆಹಣ್ಣು, ಹುಣಸೆಹುಳಿ ತಾಗಿದರೆ ಹೊಳಪು ಹೋಗುತ್ತದೆ. ಮುತ್ತಿನುಂಗುರ ಹಾಕಿಕೊಂಡು ಹುಣಸೆಹಣ್ಣು ಕಿವುಚಬೇಡಿ. ಪಚ್ಚೆಯ ಸಣ್ಣ ಬಿರುಕುಗಳಿಗೆ ಎಣ್ಣೆ ತುಂಬಿರುವುದು ಸಾಮಾನ್ಯ, ಅದಕ್ಕೆ ಬಿಸಿನೀರು ಆಗದು.

ಅಂಗಡಿಯಲ್ಲಿ ನೋಡಬೇಕಾದ್ದು

22 ಕ್ಯಾರೆಟ್ ಅಂದರೆ 1000 ಭಾಗದಲ್ಲಿ 916 ಭಾಗ ಚಿನ್ನ, ಉಳಿದದ್ದು ತಾಮ್ರ, ಬೆಳ್ಳಿಯಂಥ ಲೋಹ. 18 ಕ್ಯಾರೆಟ್‌ನಲ್ಲಿ 750. ವಜ್ರದುಂಗುರ ಹೆಚ್ಚಾಗಿ 18 ಕ್ಯಾರೆಟ್‌ನಲ್ಲಿ ಇರುತ್ತದೆ, ಯಾಕಂದ್ರೆ 22 ಮೆದು, ಹರಳು ಹಿಡಿದ ಕಾಲುಗಳು ಬೇಗ ಬಗ್ಗುತ್ತವೆ. 2025ರಲ್ಲಿ 9 ಕ್ಯಾರೆಟ್ ಕೂಡ ಶುದ್ಧತೆ ಪರೀಕ್ಷಿಸಿ ಗುರುತು ಒತ್ತುವ ಹಾಲ್‌ಮಾರ್ಕ್ ವ್ಯವಸ್ಥೆಗೆ ಬಂತು, ಅದರಲ್ಲಿ ಚಿನ್ನ 375 ಭಾಗ ಮಾತ್ರ. ಹರಳಿಗೆ ಹೇಳುವ ಕ್ಯಾರೆಟ್ ಬೇರೆ, ಅದು ತೂಕ: 1 ಕ್ಯಾರೆಟ್ ಅಂದರೆ 0.2 ಗ್ರಾಂ.

ಉಂಗುರದ ಒಳಮೈಯನ್ನು ಅಂಗಡಿಯವರ ಭೂತಗನ್ನಡಿಯಲ್ಲೇ ನೋಡಿ. ಭಾರತೀಯ ಮಾನಕ ಬ್ಯೂರೋದ (ಬಿಐಎಸ್) ತ್ರಿಕೋನದ ಗುರುತು, 22ಕೆ916 ಅನ್ನುವಂಥ ಶುದ್ಧತೆ, ಆಮೇಲೆ ಅಕ್ಷರ ಅಂಕಿ ಸೇರಿದ ಆರು ಸ್ಥಾನದ, ಪ್ರತಿ ಒಡವೆಗೂ ಬೇರೆಯಾದ ಎಚ್‌ಯುಐಡಿ ಸಂಖ್ಯೆ, ಮೂರೂ ಇರಬೇಕು. ಹಾಲ್‌ಮಾರ್ಕ್ ಕಡ್ಡಾಯ ಹಂತ ಹಂತವಾಗಿ ಶುರುವಾದದ್ದು 2021ರ ಜೂನ್ ತಿಂಗಳಿಂದ, ಎಚ್‌ಯುಐಡಿ ಕಡ್ಡಾಯವಾದದ್ದು 2023ರ ಏಪ್ರಿಲ್ 1ರಿಂದ. ಆ ಸಂಖ್ಯೆಯನ್ನು ಬಿಐಎಸ್ ಕೇರ್ ಆಪ್‌ನಲ್ಲಿ ಹಾಕಿದರೆ ಅದು ಯಾವ ಬಗೆಯ ಒಡವೆ, ಶುದ್ಧತೆ ಎಷ್ಟು ಅಂತ ತೋರಿಸುತ್ತದೆ. ಕೈಯಲ್ಲಿರುವುದು ಉಂಗುರ, ಆಪ್‌ನಲ್ಲಿ ಓಲೆ ಅಂತ ಬಂದರೆ ವಾಪಸ್ ಕೊಡಿ. ಒಂದು ಮುಖ್ಯ ಮಾತು: 2 ಗ್ರಾಂಗಿಂತ ಕಡಿಮೆ ತೂಕದ ಒಡವೆಗೆ ಈ ಕಡ್ಡಾಯ ಅನ್ವಯಿಸುವುದಿಲ್ಲ. ಬೆಲೆ ಏರಿದೆ ಅಂತ ಈಗ ಎಲ್ಲರೂ ತೆಳು ಉಂಗುರಕ್ಕೇ ಹೋಗುತ್ತಿರುವುದರಿಂದ ಇದು ನೆನಪಿರಲಿ. ಅಂಥದ್ದನ್ನು ನಂಬಿಕೆಯ ಕಡೆ ಮಾತ್ರ ಕೊಳ್ಳಿ.

ಬಿಲ್ಲಿನಲ್ಲಿ ಚಿನ್ನದ ತೂಕ ಬೇರೆ, ಹರಳಿನ ತೂಕ ಬೇರೆ ಬರೆಸಿ. 5 ಗ್ರಾಂ ಉಂಗುರದಲ್ಲಿ ಅರ್ಧ ಗ್ರಾಂ ಕಲ್ಲಿದ್ದರೆ ಚಿನ್ನದ ದರ ನಾಲ್ಕೂವರೆ ಗ್ರಾಂಗೆ ಮಾತ್ರ. ಮಜೂರಿ, ವೇಸ್ಟೇಜ್ ಎಷ್ಟು ಅಂತ ಮೊದಲೇ ಕೇಳಿ, ವಂಕಿ ಉಂಗುರದಂಥ ಕುಸುರಿ ಇರುವುದಕ್ಕೆ ಅದು ಜಾಸ್ತಿ. ಅಳತೆಯನ್ನು ಚಳಿಯ ಬೆಳಗ್ಗೆ ಕೊಡಬೇಡಿ, ಸೆಕೆಯಲ್ಲಿ ಬೆರಳು ಊದಿಕೊಂಡಾಗ ಬಿಗಿಯಾಗುತ್ತದೆ.

ಬೆರಳಲ್ಲಿ ಸಿಕ್ಕಿಕೊಂಡರೆ

ಬಸುರಿಯರಿಗೆ, ಬಿದ್ದು ಕೈ ಊದಿಸಿಕೊಂಡವರಿಗೆ ಇದು ಆಗಾಗ ಆಗುತ್ತದೆ. ಜೋರಾಗಿ ಎಳೆದಷ್ಟೂ ಬೆರಳು ಇನ್ನೂ ಊದುತ್ತದೆ. ಮೊದಲು ಕೈಯನ್ನು ಸ್ವಲ್ಪ ಹೊತ್ತು ತಲೆಗಿಂತ ಮೇಲೆ ಹಿಡಿಯಿರಿ, ತಣ್ಣೀರಲ್ಲಿ ಅದ್ದಿ, ಕೊಬ್ಬರಿ ಎಣ್ಣೆ ಅಥವಾ ಸೋಪು ಹಚ್ಚಿ ತಿರುಗಿಸುತ್ತಾ ತೆಗೆಯಿರಿ. ಬರಲಿಲ್ಲ ಅಂದರೆ ದಾರ. ನಯವಾದ ದಾರದ ಒಂದು ತುದಿಯನ್ನು ಉಂಗುರದ ಕೆಳಗಿಂದ ಅಂಗೈ ಕಡೆಗೆ ತೂರಿಸಿ. ಉಳಿದ ದಾರವನ್ನು ಉಂಗುರಕ್ಕೆ ಅಂಟಿದಂತೆ ಶುರುಮಾಡಿ, ಸಂದು ಬಿಡದೆ, ಬೆರಳಿನ ಗೆಣ್ಣು ದಾಟುವವರೆಗೆ ಬಿಗಿಯಾಗಿ ಸುತ್ತಿ. ಈಗ ಅಂಗೈ ಕಡೆಗಿರುವ ತುದಿಯನ್ನು ಹಿಡಿದು ಬೆರಳ ತುದಿಯತ್ತ ಬಿಚ್ಚುತ್ತಾ ಬನ್ನಿ. ದಾರ ಬಿಚ್ಚಿದ ಹಾಗೆ ಉಂಗುರ ಒಂದೊಂದೇ ಸುತ್ತು ಮುಂದೆ ಸರಿಯುತ್ತದೆ.

ಬೆರಳು ನೀಲಿಗಟ್ಟಿದರೆ, ಜೋಮು ಹಿಡಿದರೆ, ಅಥವಾ ಮೂಳೆ ಮುರಿದ ಅನುಮಾನ ಇದ್ದರೆ ಈ ಪ್ರಯೋಗ ಯಾವುದೂ ಬೇಡ, ನೇರ ಆಸ್ಪತ್ರೆಗೆ ಹೋಗಿ. ಲೇತ್, ಡ್ರಿಲ್ಲಿಂಗ್ ಮೆಷಿನ್ ಹತ್ತಿರ ಕೆಲಸ ಮಾಡುವವರು, ಲಾರಿಯಿಂದ ಧುಮುಕಿ ಇಳಿಯುವವರು ಕೆಲಸದ ಹೊತ್ತಿನಲ್ಲಿ ಉಂಗುರ ಬಿಚ್ಚಿಡಲೇಬೇಕು, ಎಲ್ಲಾದರೂ ಸಿಕ್ಕಿಕೊಂಡರೆ ಬೆರಳಿನ ಚರ್ಮವೇ ಕಿತ್ತು ಬರುತ್ತದೆ. ಎಂಆರ್‌ಐ ಮತ್ತು ಆಪರೇಷನ್‌ಗೆ ಮುಂಚೆಯೂ ತೆಗೆಯಿರಿ ಅನ್ನುತ್ತಾರೆ. ಎಮರ್ಜೆನ್ಸಿಯಲ್ಲಿ ಉಂಗುರ ಕತ್ತರಿಸುವ ಸಣ್ಣ ಕಟ್ಟರ್ ಇರುತ್ತದೆ. ಮದುವೆಯುಂಗುರ ಕತ್ತರಿಸುವುದು ಅಪಶಕುನ ಅಂತ ಹಿಂಜರಿದು ಬೆರಳು ಕಳೆದುಕೊಳ್ಳಬೇಡಿ. ಕತ್ತರಿಸಿದ ತುಂಡನ್ನು ಕಾಗದದಲ್ಲಿ ಸುತ್ತಿಟ್ಟುಕೊಳ್ಳಿ, ಅಕ್ಕಸಾಲಿಗರ ಹತ್ತಿರ ಕೊಟ್ಟರೆ ಬೆಸುಗೆ ಹಾಕಿ, ಬೇಕಾದರೆ ಅಳತೆ ಒಂದಿಷ್ಟು ದೊಡ್ಡದು ಮಾಡಿಯೇ ಕೊಡುತ್ತಾರೆ.